ವಿಗ್ರಹಕ್ಕೆ ಊಟ ಬಡಿಸಿದವರು ಮೂಢರಲ್ಲ

ಪುರಾತನ ಧರ್ಮಗಳ ಬಗ್ಗೆ ನನಗೆ ಬರುವ ಪ್ರಶ್ನೆಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಅವೇ ಹಳೆಯವು. ಉತ್ತರ ಬರೆದು ಕೈ ತೊಳೆದುಕೊಳ್ಳುವಷ್ಟರಲ್ಲಿ ಅದೇ ಪ್ರಶ್ನೆ ಇನ್ನೊಬ್ಬರಿಂದ ಬರುತ್ತದೆ, ಜೊತೆಗೆ ನೋಡಿ ಅಂತ ಒಂದು ವಿಡಿಯೊ ಬೇರೆ. ಈ ಸಲ ಅವನ್ನೆಲ್ಲ ಒಟ್ಟಿಗೆ ತೆಗೆದುಕೊಂಡಿದ್ದೇನೆ. ಜೀಯಸ್ ಯಾರು, ಐಸಿಸ್ ಯಾರು, ಯಾರು ಯಾರ ಮಗ ಅನ್ನುವುದನ್ನು ಇಲ್ಲಿ ಹೇಳುವುದಿಲ್ಲ. ಅದು ಎಲ್ಲಿ ಬೇಕಾದರೂ ಸಿಗುತ್ತದೆ.

ಪ್ರಶ್ನೆ: ಗ್ರೀಕರ ದೇವರು, ಬ್ಯಾಬಿಲೋನಿನ ದೇವರು ಎಲ್ಲರೂ ಉಣ್ಣುತ್ತಾರೆ, ಮಲಗುತ್ತಾರೆ, ಮದುವೆಯಾಗುತ್ತಾರೆ, ಹೊಟ್ಟೆಕಿಚ್ಚು ಪಡುತ್ತಾರೆ. ದೇವರನ್ನು ಬೇರೆ ಥರ ಯೋಚಿಸಲು ಆ ಕಾಲದವರಿಗೆ ಬರುತ್ತಿರಲಿಲ್ಲವಾ? ತಾವೇ ಮಾಡಿದ ಬೊಂಬೆಯನ್ನು ದೇವರು ಅಂತ ನಂಬುವಷ್ಟು ಮೂಢರಾಗಿದ್ದರಾ?

ಉತ್ತರ: ಬರುತ್ತಿತ್ತು. ಚೆನ್ನಾಗಿಯೇ ಬರುತ್ತಿತ್ತು. ಹಿಂದಿನವರೆಲ್ಲ ಮಕ್ಕಳು, ಬುದ್ಧಿ ಬಲಿತವರು ನಾವು ಮಾತ್ರ ಅನ್ನುವ ಧಾಟಿ ಈ ಪ್ರಶ್ನೆಯಲ್ಲಿದೆ. ನನಗೆ ಸಿಟ್ಟು ಬರುವುದು ಅದಕ್ಕೇ. ನೀವು ಕೇಳಿದ್ದನ್ನು ಗ್ರೀಕರೇ ಕೇಳಿ ಎರಡೂವರೆ ಸಾವಿರ ವರ್ಷ ಆಯಿತು. ಕ್ರಿ.ಪೂ. 6ನೇ ಶತಮಾನದಲ್ಲಿ ಹುಟ್ಟಿದ ಕೊಲೊಫಾನ್ ಊರಿನ ಗ್ರೀಕ್ ತತ್ವಜ್ಞಾನಿ ಕ್ಸೆನೊಫನೀಸ್ ಹೀಗೆ ಹೇಳಿದ: ಎತ್ತು, ಕುದುರೆ, ಸಿಂಹಗಳಿಗೆ ಕೈಯಿದ್ದು ಚಿತ್ರ ಬರೆಯಲು ಬಂದಿದ್ದರೆ, ಕುದುರೆಗಳು ಕುದುರೆಯಂಥ ದೇವರನ್ನೇ ಬರೆಯುತ್ತಿದ್ದವು, ಎತ್ತುಗಳು ಎತ್ತಿನಂಥ ದೇವರನ್ನೇ. ಇಥಿಯೋಪಿಯದವರ ದೇವರಿಗೆ ಕಪ್ಪು ಮೈ, ಚಪ್ಪಟೆ ಮೂಗು. ಥ್ರೇಸಿನವರ ದೇವರಿಗೆ ನೀಲಿ ಕಣ್ಣು, ಕೆಂಪು ಕೂದಲು ಎಂದೂ ತೋರಿಸಿದ. ಕಳ್ಳತನ, ಹಾದರ, ಮೋಸ ಎಲ್ಲವನ್ನೂ ಕವಿಗಳಾದ ಹೋಮರ್ ಮತ್ತು ಹೆಸಿಯಡ್ ದೇವರ ತಲೆಗೆ ಕಟ್ಟಿದರು ಎಂದು ಬೈದ. ಹಾಗಂತ ಅವನು ನಾಸ್ತಿಕನಲ್ಲ. ಮೈಯಲ್ಲಾಗಲಿ ಮನಸ್ಸಲ್ಲಾಗಲಿ ಮನುಷ್ಯರನ್ನು ಹೋಲದ ಒಬ್ಬ ದೊಡ್ಡ ದೇವರು ಇದ್ದಾನೆ ಎಂಬುದು ಅವನ ನಿಲುವು.

ಮನುಷ್ಯರೂಪ ಇಲ್ಲದ ಪೂಜೆಯೂ ಅವರಿಗೆ ಗೊತ್ತಿತ್ತು. ಪರ್ಷಿಯನ್ನರು ವಿಗ್ರಹ, ಗುಡಿ, ಬಲಿಪೀಠ ಮಾಡುವುದಿಲ್ಲ, ನಮ್ಮ ಹಾಗೆ ಅವರು ದೇವರಿಗೆ ಮನುಷ್ಯನ ಸ್ವಭಾವ ಕೊಡದಿರುವುದೇ ಅದಕ್ಕೆ ಕಾರಣ ಇರಬೇಕು ಎಂದು ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆದ. ಇನ್ನು ಚೆಲುವಿನ ದೇವತೆ ಅಫ್ರೊಡೈಟಿ ಇದ್ದಾಳಲ್ಲ, ಸೈಪ್ರಸ್ಸಿನ ಪಾಫೋಸ್‌ನಲ್ಲಿದ್ದ ಅವಳ ಹೆಸರಾಂತ ಗುಡಿಯಲ್ಲಿ ಹೆಣ್ಣಿನ ರೂಪವೇ ಇರಲಿಲ್ಲ. ಅಲ್ಲಿದ್ದದ್ದು ಬುಡ ಅಗಲವಾಗಿ, ಮೇಲೆ ಹೋದಂತೆ ಕಿರಿದಾಗುವ ಒಂದು ಕಲ್ಲು. ಅಂದಮೇಲೆ ದೇವರಿಗೆ ಕಣ್ಣು, ಮೂಗು, ಬಾಯಿ ಕೊಟ್ಟವರು ಬೇರೆ ದಾರಿ ಗೊತ್ತಿದ್ದೇ ಕೊಟ್ಟರು. ಯಾಕೆ ಕೊಟ್ಟರು ಅಂತ ಕೇಳಿ. ಅದು ಕೇಳಬೇಕಾದ ಪ್ರಶ್ನೆ.

ಅದಕ್ಕೆ ಒಂದೇ ಒಂದು ಕಲ್ಲಿನ ಫಲಕ ನೋಡೋಣ. ಇರಾಕಿನ ಅಬು ಹಬ್ಬಾದಲ್ಲಿ, ಅಂದರೆ ಹಳೆಯ ಸಿಪ್ಪರ್ ಪಟ್ಟಣದಲ್ಲಿ, ಹೊರ್ಮುಜ್ದ್ ರಸ್ಸಾಮ್ 1881ರಲ್ಲಿ ಅಗೆದು ತೆಗೆದದ್ದು. ಈಗ ಬ್ರಿಟಿಷ್ ಮ್ಯೂಸಿಯಂನಲ್ಲಿದೆ. ಎತ್ತರ ಒಂದಡಿಗೂ ಸ್ವಲ್ಪ ಕಡಿಮೆ. ಕ್ರಿ.ಪೂ. 9ನೇ ಶತಮಾನದಲ್ಲಿ ಬ್ಯಾಬಿಲೋನಿನ ರಾಜ ನಬು-ಅಪ್ಲ-ಇದ್ದಿನ ಮಾಡಿಸಿದ್ದು. ಮೇಲ್ಭಾಗದಲ್ಲಿ ಚಿತ್ರ, ಕೆಳಗೆಲ್ಲ ಒತ್ತೊತ್ತಾಗಿ ಬರಹ. ಚಿತ್ರದ ಬಲಗಡೆ ಸೂರ್ಯದೇವ ಶಮಾಶ್ ಕೂತಿದ್ದಾನೆ. ಉದ್ದ ಗಡ್ಡ, ತಲೆಯ ಮೇಲೆ ಕೊಂಬಿನ ಕಿರೀಟ, ಕೈಯಲ್ಲಿ ಬಳೆ ಮತ್ತು ಕೋಲು. ಎದುರಿಗೆ ಮೇಜಿನ ಮೇಲೆ ಸೂರ್ಯನ ದೊಡ್ಡ ಬಿಲ್ಲೆ. ಎಡಗಡೆಯಿಂದ ಪುರೋಹಿತನೊಬ್ಬ ರಾಜನ ಕೈ ಹಿಡಿದು ಕರೆತರುತ್ತಿದ್ದಾನೆ. ಹಿಂದೆ ಒಬ್ಬ ದೇವತೆ ರಾಜನ ಪರವಾಗಿ ಎರಡೂ ಕೈಯೆತ್ತಿ ಬೇಡಿಕೊಳ್ಳುತ್ತಿದ್ದಾಳೆ.

ಕೆಳಗಿನ ಬರಹದ ಕಥೆ ಇದು. ಸುಟಿಯನ್ನರು ಎಂಬ ಅಲೆಮಾರಿಗಳ ದಾಳಿಯಲ್ಲಿ ಶಮಾಶನ ವಿಗ್ರಹ ನಾಶವಾಯಿತು. ಆಮೇಲೆ ಬಂದ ಒಬ್ಬ ರಾಜ ದೇವರ ರೂಪ ಹೇಗಿತ್ತು ಅಂತ ಹುಡುಕಿಸಿದ. ದೇವರು ತೋರಿಸಲಿಲ್ಲ. ಆ ರಾಜ ಏನು ಮಾಡಿದ ಗೊತ್ತಾ? ಸುಮ್ನೆ ಒಂದು ಗಡ್ಡದ ಬೊಂಬೆ ಮಾಡಿಸಿ ಕೂರಿಸಲಿಲ್ಲ. ಸೂರ್ಯನ ಬಿಲ್ಲೆಯನ್ನು ಇಟ್ಟು ಪೂಜೆ ನಡೆಸಿದ. ನೂರು ವರ್ಷಕ್ಕೂ ಜಾಸ್ತಿ ಕಾಲ ಪೂಜೆ ನಡೆದದ್ದು ಆ ಬಿಲ್ಲೆಗೇ. ಕೊನೆಗೆ ಯೂಫ್ರೆಟಿಸ್ ನದಿಯ ಪಶ್ಚಿಮ ದಡದಲ್ಲಿ ಶಮಾಶನ ರೂಪ ಇರುವ ಒಂದು ಮಣ್ಣಿನ ಅಚ್ಚು ಸಿಕ್ಕಿತು. ಪುರೋಹಿತ ಅದನ್ನು ತಂದು ತೋರಿಸಿದಾಗ ರಾಜ ನಬು-ಅಪ್ಲ-ಇದ್ದಿನನ ಮುಖ ಅರಳಿತಂತೆ. ಅದನ್ನು ನೋಡಿಕೊಂಡು ಕೆಂಪು ಚಿನ್ನ ಮತ್ತು ನೀಲಿ ಲಾಜವರ್ದ ಕಲ್ಲಿನಲ್ಲಿ ಹೊಸ ವಿಗ್ರಹ ಮಾಡಿಸಿದರು.

ಆ ಪುರೋಹಿತನ ಮೇಲೆ ಸಂಶಯ ಪಟ್ಟ ವಿದ್ವಾಂಸರಿದ್ದಾರೆ. ನನಗೂ ಸಂಶಯ ಇದೆ. ಅದೇ ಫಲಕದಲ್ಲಿ ಅವನಿಗೆ ಬಲಿಯ ಮಾಂಸದಲ್ಲಿ ಎಷ್ಟು ಪಾಲು, ಯಾವ ಯಾವ ಬಟ್ಟೆ ಸಿಗಬೇಕು ಅಂತೆಲ್ಲ ಬರೆದಿದೆ. ಅಚ್ಚು ಸಿಕ್ಕಿದ್ದರಿಂದ ಅವನ ಮನೆತನಕ್ಕೆ ದೊಡ್ಡ ಲಾಭವಾಯಿತು. ಆದರೆ ಅವನು ಸುಳ್ಳೇ ಹೇಳಿದ್ದ ಅಂತ ಇಟ್ಟುಕೊಂಡರೂ, ಆ ಸುಳ್ಳು ಯಾಕೆ ಬೇಕಾಯಿತು? ದೇವರ ರೂಪವನ್ನು ಮನುಷ್ಯ ತನಗೆ ತೋಚಿದಂತೆ ಕಲ್ಪಿಸಬಾರದು ಎಂದು ಊರಿಗೆ ಊರೇ ತಿಳಿದಿದ್ದರಿಂದ. ಮಾಡಿದ್ದನ್ನೆಲ್ಲ ದೇವರು ಅಂತ ಒಪ್ಪುವ ಜನ ಅವರಾಗಿರಲಿಲ್ಲ.

ವಿಗ್ರಹ ಮಾಡುವುದು ಕಮ್ಮಾರ, ಬಡಗಿಗಳು ಎಂಬುದೂ ಅವರಿಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದದ್ದರಿಂದಲೇ ವಿಗ್ರಹದ ಬಾಯಿ ತೊಳೆಯುವ ವಿಧಿ ಬಂತು. ಹೊಸ ವಿಗ್ರಹವನ್ನು ನದಿಯ ದಡದ ತೋಟಕ್ಕೆ ಒಯ್ದು, ಜೊಂಡಿನ ಗುಡಿಸಲಲ್ಲಿ ಇರಿಸಿ, ರಾತ್ರಿ ನಕ್ಷತ್ರಗಳ ಕೆಳಗೆ ಪೂಜೆ ಮಾಡುತ್ತಿದ್ದರು. ಕುಶಲಕರ್ಮಿಗಳ ಕೈ ಕಟ್ಟಿ, ಮರದ ಕತ್ತಿಯಿಂದ ಕಡಿದ ಹಾಗೆ ಮಾಡುತ್ತಿದ್ದರು. ಇದನ್ನು ನಾನು ಮಾಡಲಿಲ್ಲ, ನನ್ನ ಕಸುಬಿನ ದೇವರು ಮಾಡಿದ ಎಂದು ಅವರು ಆಣೆ ಇಡಬೇಕಿತ್ತು. ಉಳಿ, ಸುತ್ತಿಗೆಯಂಥ ಸಲಕರಣೆಗಳನ್ನು ಕುರಿಯ ತೊಡೆಯೊಳಗಿಟ್ಟು ಹೊಳೆಗೆ ಬಿಡುತ್ತಿದ್ದರು. ಈ ವಿಧಿ ಆಗದ ವಿಗ್ರಹ ಧೂಪದ ವಾಸನೆ ಹಿಡಿಯಲಾರದು, ಉಣ್ಣಲಾರದು, ನೀರು ಕುಡಿಯಲಾರದು ಅಂತ ಮಂತ್ರವೇ ಹೇಳುತ್ತದೆ. ಬರೀ ಬೊಂಬೆ ಯಾವುದು, ದೇವರು ಯಾವುದು ಅನ್ನುವುದನ್ನು ಇಷ್ಟು ಎಚ್ಚರದಿಂದ ಬೇರೆ ಮಾಡಿದವರನ್ನು ಮೂಢರು ಅನ್ನಬೇಡಿ.

ಊಟದ ವಿಷಯವೂ ಹಾಗೇ. ಉರುಕ್ ಪಟ್ಟಣದ ದೇವರಿಗೆ ದಿನಕ್ಕೆ ನಾಲ್ಕು ಹೊತ್ತು ಊಟ ಇಡುತ್ತಿದ್ದರು. ಬೆಳಿಗ್ಗೆ ಎರಡು, ಸಂಜೆ ಎರಡು, ಒಂದು ದೊಡ್ಡದು ಒಂದು ಚಿಕ್ಕದು. ಪಾತ್ರೆ ಖಾಲಿಯಾಗುವುದಿಲ್ಲ ಅನ್ನುವುದು ಬಡಿಸುವವರಿಗೆ ಕಾಣುತ್ತಿರಲಿಲ್ಲವಾ? ಕಾಣುತ್ತಿತ್ತು. ಮೆಸೊಪೊಟೇಮಿಯಾದಲ್ಲಿ, ಅಂದರೆ ಬ್ಯಾಬಿಲೋನ್, ಉರುಕ್ ಇದ್ದ ಇಂದಿನ ಇರಾಕಿನ ಸೀಮೆಯಲ್ಲಿ, ದೇವರ ಮುಂದಿಟ್ಟದ್ದು ರಾಜನಿಗೂ ಗುಡಿಯ ಕೆಲಸದವರಿಗೂ ಪಾಲಾಗಿ ಹೋಗುತ್ತಿತ್ತು. ಬಡಿಸುವುದೆಂದರೆ ದೇವರನ್ನು ಊರಿನಲ್ಲಿ ಉಳಿಸಿಕೊಳ್ಳುವುದು. ಯಾಕೆಂದರೆ ಮುನಿಸಿಕೊಂಡರೆ ದೇವರು ಎದ್ದು ಹೋಗುತ್ತಾನೆ.

ಮುನಿಸು ಅಂದೆನಲ್ಲ, ನಿಮಗೆ ಬಾಲಿಶ ಅನ್ನಿಸುವ ಆ ಗುಣವೇ ಇಲ್ಲಿ ಮುಖ್ಯ. ಕ್ರಿ.ಪೂ. 689ರಲ್ಲಿ ಅಸ್ಸೀರಿಯದ ಸೆನ್ನಾಕೆರಿಬ್ ಬ್ಯಾಬಿಲೋನನ್ನು ನೆಲಸಮ ಮಾಡಿದ. ಮಾರ್ದುಕ್ ದೇವರಿಗೇ ತನ್ನ ಊರಿನ ಮೇಲೆ ಸಿಟ್ಟು ಬಂದು ಹೀಗಾಯಿತು ಎಂದು ಅವನ ಮಗ ಎಸರ್‌ಹಡ್ಡನ್ ಶಾಸನ ಬರೆಸಿದ. ಊರು 70 ವರ್ಷ ಹಾಳುಬೀಳಲಿ ಎಂದು ಮಾರ್ದುಕ್ ಬರೆದಿದ್ದನಂತೆ. ಆಮೇಲೆ ಮನಸ್ಸು ಕರಗಿ ಅಂಕಿಯನ್ನು ತಿರುಗಿಸಿಬಿಟ್ಟ. ಅಲ್ಲಿಯವರು ಬರೆಯುತ್ತಿದ್ದ ಬೆಣೆಲಿಪಿಯಲ್ಲಿ 70ರ ಎರಡು ಗುರುತುಗಳನ್ನು ಹಿಂದುಮುಂದು ಮಾಡಿದರೆ 11 ಆಗುತ್ತದೆ. 11ನೇ ವರ್ಷಕ್ಕೆ ಊರು ಮತ್ತೆ ಕಟ್ಟಲು ಅಪ್ಪಣೆ ಸಿಕ್ಕಿತು. ರಾಜಕೀಯ ಇದರಲ್ಲಿ ಬೇಕಾದಷ್ಟಿದೆ, ಒಪ್ಪುತ್ತೇನೆ. ಆದರೆ ಸಿಟ್ಟು ಬರುವ ದೇವರಾದರೆ ಸಿಟ್ಟು ಇಳಿಯಲೂಬಹುದು, ಮಾತಾಡಿಸಬಹುದು, ಬೇರೆಯವರಿಂದ ಹೇಳಿಸಬಹುದು. ಶಮಾಶನ ಫಲಕದಲ್ಲಿ ಕೈಯೆತ್ತಿ ನಿಂತ ದೇವತೆ ಮಾಡುತ್ತಿರುವುದು ಅದನ್ನೇ. ಬರೀ ಬಿಲ್ಲೆಯ ಮುಂದೆ ಆ ಕೆಲಸ ಕಷ್ಟ. ಮನುಷ್ಯರೂಪ ಅವರಿಗೆ ಬೇಕಾದದ್ದು ಇದಕ್ಕಾಗಿ ಎಂದು ನಾನು ತಿಳಿದಿದ್ದೇನೆ.

ಮನುಷ್ಯರ ಹಾಗೆ ಅಂದಮಾತ್ರಕ್ಕೆ ಮನುಷ್ಯರೇ ಅಂದುಕೊಂಡಿರಲಿಲ್ಲ. ಹೋಮರನ ಕಾವ್ಯ ಇಲಿಯಡ್‌ನ ಐದನೇ ಕಾಂಡ ಓದಿ. ಗ್ರೀಕ್ ಯೋಧ ಡಯೊಮಿಡೀಸ್ ಅಫ್ರೊಡೈಟಿಯ ಮಣಿಕಟ್ಟಿಗೆ ಈಟಿಯಿಂದ ಗಾಯ ಮಾಡುತ್ತಾನೆ. ಅವಳು ಚೀರುತ್ತಾಳೆ, ಅಮ್ಮನ ಮಡಿಲಲ್ಲಿ ಬೀಳುತ್ತಾಳೆ. ಆದರೆ ಗಾಯದಿಂದ ಹರಿಯುವುದು ರಕ್ತ ಅಲ್ಲ, ದೇವರ ಮೈಯಲ್ಲಿ ಮಾತ್ರ ಇರುವ ಇಕೊರ್ ಎಂಬ ದ್ರವ. ದೇವರುಗಳು ರೊಟ್ಟಿ ತಿನ್ನುವುದಿಲ್ಲ, ದ್ರಾಕ್ಷಾರಸ ಕುಡಿಯುವುದಿಲ್ಲ, ಹಾಗಾಗಿ ಅವರಲ್ಲಿ ರಕ್ತ ಇಲ್ಲ, ಅವರಿಗೆ ಸಾವೂ ಇಲ್ಲ ಎಂದು ಹೋಮರ್ ಅಲ್ಲೇ ನಿಂತು ಹೇಳುತ್ತಾನೆ. ನೋವು ನಮ್ಮಂತೆಯೇ, ಸಾವು ಮಾತ್ರ ಇಲ್ಲ. ಗೆರೆ ಎಲ್ಲಿದೆ ಅಂತ ಅವರಿಗೆ ಗೊತ್ತಿತ್ತು.

ಪ್ರಶ್ನೆ: ಅನುನಾಕಿಗಳು ಎಂಬ ಮೆಸೊಪೊಟೇಮಿಯಾದ ದೇವರುಗಳು ಬೇರೆ ಗ್ರಹದಿಂದ ಬಂದು, ಚಿನ್ನ ಅಗೆಯಲು ಮನುಷ್ಯರನ್ನು ಸೃಷ್ಟಿಸಿದರು ಅಂತ ಸುಮೇರಿಯನ್ ಫಲಕಗಳಲ್ಲೇ ಇದೆಯಂತೆ. ವಿದ್ವಾಂಸರು ಯಾಕೆ ಮುಚ್ಚಿಡುತ್ತಾರೆ?

ಉತ್ತರ: ಇಲ್ಲ. ಯಾವ ಫಲಕದಲ್ಲೂ ಇಲ್ಲ. ಈ ಕಟ್ಟುಕಥೆಯ ಹಿಂದಿರುವುದು ಮೆಸೊಪೊಟೇಮಿಯಾದ ಅತ್ರಹಾಸಿಸ್ ಕಥೆ. ಅದರಲ್ಲಿ ಚಿಕ್ಕ ದೇವರುಗಳು ಅಗೆಯುವುದು ಕಾಲುವೆಗಳನ್ನು. ಚಿನ್ನದ ಮಾತೇ ಇಲ್ಲ. ದುಡಿದು ಸುಸ್ತಾಗಿ, ಸಲಕರಣೆ ಸುಟ್ಟು, ರಾತ್ರಿ ಎನ್ಲಿಲ್ ದೇವರ ಮನೆಗೆ ಮುತ್ತಿಗೆ ಹಾಕುತ್ತಾರೆ. ಆಮೇಲೆ ಒಬ್ಬ ದೇವರನ್ನು ಕೊಂದು, ಅವನ ರಕ್ತ ಮಾಂಸವನ್ನು ಜೇಡಿಮಣ್ಣಿಗೆ ಬೆರೆಸಿ ಮನುಷ್ಯರನ್ನು ಮಾಡುತ್ತಾರೆ. ಇಷ್ಟು ಒಳ್ಳೆಯ ಕಥೆಯನ್ನು ಕೆಡಿಸಿ ಗಣಿ ಕೂಲಿಯ ಕಥೆ ಮಾಡಿದ್ದಾರೆ, ನನಗೆ ನಿಜಕ್ಕೂ ಸಂಕಟವಾಗುತ್ತದೆ.

ಮುಚ್ಚಿಡುವ ಮಾತಂತೂ ಆಡಲೇಬೇಡಿ. 1857ರಲ್ಲಿ ಲಂಡನ್ನಿನಲ್ಲಿ ಒಂದೇ ಬೆಣೆಲಿಪಿ ಶಾಸನವನ್ನು ನಾಲ್ಕು ಜನಕ್ಕೆ ಕೊಟ್ಟು, ಒಬ್ಬರದನ್ನು ಒಬ್ಬರು ನೋಡದಂತೆ ಅನುವಾದ ಮಾಡಿಸಿದರು. ಲಕೋಟೆ ಒಡೆದಾಗ ಮುಖ್ಯ ವಿಷಯಗಳೆಲ್ಲ ಹೊಂದಿಕೆಯಾದವು. ಲಿಪಿ ಓದಲು ಬರುತ್ತದೆ ಅಂತ ಅಂದೇ ಖಚಿತವಾಯಿತು. ಬ್ಯಾಬಿಲೋನ್, ಅಸ್ಸೀರಿಯದವರ ಭಾಷೆಯಾದ ಅಕ್ಕೇಡಿಯನ್‌ಗೆ ಶಿಕಾಗೊ ವಿಶ್ವವಿದ್ಯಾಲಯ ಮಾಡಿದ ನಿಘಂಟು 1921ರಲ್ಲಿ ಶುರುವಾಗಿ 2011ರಲ್ಲಿ ಮುಗಿಯಿತು, ಯಾರು ಬೇಕಾದರೂ ತೆರೆದು ನೋಡಬಹುದು. ನಿಮಗೆ ವಿಡಿಯೊ ಕಳಿಸಿದವರನ್ನು ಒಂದೇ ಮಾತು ಕೇಳಿ: ಯಾವ ಫಲಕ, ಎಷ್ಟನೇ ಸಾಲು?

ಪ್ರಶ್ನೆ: ಅಸ್ಸೀರಿಯದ ರೆಕ್ಕೆಯ ದೇವತೆಗಳ ಕೈಯಲ್ಲಿರುವ ಬ್ಯಾಗ್ ಯಾವ ಯಂತ್ರ?

ಉತ್ತರ: ಬಕೆಟ್. ಇನ್ನೊಂದು ಕೈಯಲ್ಲಿರುವುದು ಕಾಯಿಯಂಥ ವಸ್ತು, ಶುದ್ಧಿ ಮಾಡಲು. ಎರಡಕ್ಕೂ ಹೆಸರು ವಿಧಿಗ್ರಂಥಗಳಲ್ಲೇ ಇದೆ. ಇದೇ ಬಕೆಟ್ ಹಿಡಿದ ಪುಟ್ಟ ಮಣ್ಣಿನ ಬೊಂಬೆಗಳನ್ನು ಕೆಡುಕು ಬರದಿರಲಿ ಎಂದು ಮನೆಗಳ ನೆಲದಡಿ ಹೂಳುತ್ತಿದ್ದರು.

ಪ್ರಶ್ನೆ: ಈಜಿಪ್ಟಿನವರ ದೇವರಿಗೆ ಮಾತ್ರ ಯಾಕೆ ಪ್ರಾಣಿಯ ತಲೆ?

ಉತ್ತರ: ಎಲ್ಲರಿಗೂ ಇಲ್ಲ. ಪ್ತಾಹ್, ಒಸೈರಿಸ್ ಪೂರ್ತಿ ಮನುಷ್ಯರೂಪದವರು. ಹಾಥೋರ್ ಒಂದು ಕಡೆ ಹಸು, ಒಂದು ಕಡೆ ಹಸುವಿನ ಕಿವಿಯ ಹೆಂಗಸು, ಇನ್ನೊಂದು ಕಡೆ ಕೊಂಬಿನ ನಡುವೆ ಸೂರ್ಯನನ್ನು ಹೊತ್ತ ಚೆಲುವೆ. ಮೂರೂ ಅವಳೇ. ತಲೆ ನೋಡಿದರೆ ಯಾರು, ಯಾವ ಸ್ವಭಾವ ಅಂತ ತಿಳಿಯಬೇಕು. ಅದು ಓದಬೇಕಾದ ಗುರುತು, ಮುಖದ ಫೋಟೊ ಅಂದುಕೊಳ್ಳಬೇಡಿ.

ಪ್ರಶ್ನೆ: ಮೊದಲು ಜಗತ್ತಿಗೆಲ್ಲ ಒಬ್ಬಳೇ ಮಾತೃದೇವತೆ ಇದ್ದಳು ಅನ್ನುವುದು ನಿಜವಾ?

ಉತ್ತರ: ಆಧಾರ ಇಲ್ಲ. ಎಲ್ಲರೂ ತೋರಿಸುವ ವಿಲೆನ್‌ಡಾರ್ಫ್ ಬೊಂಬೆ, 1908ರಲ್ಲಿ ಆಸ್ಟ್ರಿಯಾದಲ್ಲಿ ಸಿಕ್ಕಿದ್ದು, ಸುಮಾರು 11 ಸೆಂ.ಮೀ. ಎತ್ತರ. ಅದು ದೇವತೆಯೋ ಬೇರೆ ಏನೋ ಎಂದು ಹೇಳುವ ಒಂದಕ್ಷರವೂ ಆ ಕಾಲದಿಂದ ಉಳಿದಿಲ್ಲ. ಟರ್ಕಿಯ ಚತಾಲ್‌ಹೊಯುಕ್‌ನ ಕೂತ ಹೆಂಗಸಿನ ಬೊಂಬೆಯ ತಲೆ ಈಚಿನವರು ಜೋಡಿಸಿದ್ದು. ಅದೇ ಊರಲ್ಲಿ ಪ್ರಾಣಿಗಳ ಬೊಂಬೆಗಳೇ ಜಾಸ್ತಿ ಸಿಕ್ಕಿವೆ. ಆಸೆ ಪಡಿ, ತಪ್ಪಿಲ್ಲ, ಚರಿತ್ರೆ ಅನ್ನಬೇಡಿ.

ಪ್ರಶ್ನೆ: ಗ್ರೀಕರು ವಿಗ್ರಹಗಳನ್ನು ಬಿಳಿಯಾಗಿ ಬಿಟ್ಟದ್ದು ಪಾವಿತ್ರ್ಯಕ್ಕಾ?

ಉತ್ತರ: ಬಿಳಿಯಾಗಿ ಬಿಡಲೇ ಇಲ್ಲ. ಬಣ್ಣ ಹಚ್ಚುತ್ತಿದ್ದರು, ಕಾಲಕ್ಕೆ ಅಳಿಸಿಹೋಯಿತು.

ಪ್ರಶ್ನೆ: ಜೀಯಸ್, ಥಾರ್, ಬಾಲ್ ಎಲ್ಲರೂ ಗುಡುಗಿನ ದೇವರು. ಒಬ್ಬನೇ ಅಲ್ವಾ?

ಉತ್ತರ: ಅಲ್ಲ. ಗುಡುಗು ಎಲ್ಲ ದೇಶದಲ್ಲೂ ಇದೆ.

ಪ್ರಶ್ನೆ: ಸುಮೇರಿಯನ್ನರ ಇನನ್ನಾ ದೇವತೆಯ ಶಕ್ತಿ ಜಾಗೃತಿಗೆ ಆನ್‌ಲೈನ್ ಕೋರ್ಸ್ ಇದೆ. ಸೇರಬಹುದಾ?

ಉತ್ತರ: ದುಡ್ಡು ಕೊಡಬೇಡಿ. ಅವಳು ಪಾತಾಳಕ್ಕಿಳಿಯುವ ಕಥೆಯ ಒಳ್ಳೆಯ ಅನುವಾದಗಳು ಬಿಟ್ಟಿಯಾಗಿ ಓದಲು ಸಿಗುತ್ತವೆ. ಏಳು ಬಾಗಿಲಲ್ಲಿ ಏಳು ಒಡವೆ, ಬಟ್ಟೆ ಕಳಚಿ, ಕೊನೆಗೆ ಹೆಣವಾಗಿ ಗೂಟಕ್ಕೆ ನೇತುಬೀಳುವ ದೇವತೆಯನ್ನು ಕೋರ್ಸಿನವರು ಆತ್ಮವಿಶ್ವಾಸದ ಗುರು ಮಾಡಿ ಮಾರುತ್ತಿದ್ದಾರೆ. ಇದು ಮೋಸ.

ಪ್ರಶ್ನೆ: ಆನ್‌ಲೈನಿನಲ್ಲಿ ಅಸಲಿ ಮೆಸೊಪೊಟೇಮಿಯಾ ದೇವತೆಯ ಬೊಂಬೆ, ಬರಹದ ಫಲಕ ಮಾರಾಟಕ್ಕಿವೆ. ಕೊಳ್ಳಬಹುದಾ?

ಉತ್ತರ: ಬೇಡ. ಈ ವಿಷಯದಲ್ಲಿ ನಾನು ತುಂಬಾ ಕಟ್ಟುನಿಟ್ಟು. ಹೀಗೆ ಸಿಗುವುದು ಒಂದೋ ನಕಲಿ, ಇಲ್ಲವೇ ಕದ್ದದ್ದು ಅಂತಲೇ ಇಟ್ಟುಕೊಳ್ಳಿ. 2003ರ ಏಪ್ರಿಲ್‌ನಲ್ಲಿ ಬಾಗ್ದಾದಿನ ಇರಾಕ್ ಮ್ಯೂಸಿಯಂ ಲೂಟಿಯಾಯಿತು. ಹಳೆಯ ದಿಬ್ಬಗಳನ್ನು ಕಳ್ಳರು ಅಗೆದದ್ದಕ್ಕೆ ಲೆಕ್ಕವಿಲ್ಲ. ಸುಳ್ಳು ದಾಖಲೆ ತೋರಿಸಿ ಮಾರಿದ್ದ ಗಿಲ್ಗಮೇಶ್ ಕಥೆಯ ಒಂದು ಫಲಕ 2021ರಲ್ಲಿ ಇರಾಕಿಗೆ ವಾಪಸ್ ಹೋಯಿತು. ಮಾರುವವರು ಕೊಡುವ ಪ್ರಮಾಣಪತ್ರ ನಂಬಬೇಡಿ, ನನಗೆ ಫೋಟೊ ಕಳಿಸಿ ಬೆಲೆ ಕೇಳಬೇಡಿ, ನಾನು ಹೇಳುವುದಿಲ್ಲ. ಈಗಾಗಲೇ ಕೊಂಡುಬಿಟ್ಟಿದ್ದರೆ ಮ್ಯೂಸಿಯಂನವರಿಗೆ ತೋರಿಸಿ. ಅಲ್ಲಿಯವರೆಗೆ ಅಂಟು ಹಚ್ಚಬೇಡಿ, ಬ್ರಷ್ಷಿನಿಂದ ಉಜ್ಜಬೇಡಿ, ನೀರಲ್ಲಿ ತೊಳೆಯಲಂತೂ ಬೇಡಿ. ಸುಡದ ಜೇಡಿಮಣ್ಣಾದರೆ ಅಕ್ಷರಗಳು ಕರಗಿ ಹೋಗುತ್ತವೆ.