ನಾವಿರೋದು ಸೆನೆಗಲ್‌ನ ಡಕಾರ್‌ನಲ್ಲಿ. ನಮ್ಮ ಡ್ರೈವರ್ ಬಿಪಿ ಮಾತ್ರೆ ಬಿಟ್ಟು ಮರಾಬೂ (ಇಲ್ಲಿನ ಮುಸ್ಲಿಂ ಧರ್ಮಗುರು) ಹತ್ತಿರ ಮಂತ್ರಿಸಿದ ನೀರು ತರ್ತಾನೆ. ಇದೆಲ್ಲ ಮೋಸ ಅಲ್ವಾ? ಬಿಡಿಸೋದು ಹೇಗೆ?

ಬಿಡಿಸಲು ಹೋಗಬೇಡಿ. ನಾನು ಹೋಗಿದ್ದೆ.

ನಾನು ಮಂಗಳೂರಿನ ಕಡೆಯವನು. ಗೇರುಬೀಜ ಖರೀದಿಗೆ ಅಂತ ನಾಲ್ಕು ಸೀಸನ್ ಸೆನೆಗಲ್‌ನ ದಕ್ಷಿಣಕ್ಕಿರುವ ಜಿಗಿಂಶೋರ್‌ಗೆ ಹೋಗಿದ್ದೆ. ನಮ್ಮ ಗೋದಾಮಿಗೆ ಒಬ್ಬರು ಕಾವಲಿಗಿದ್ದರು. ಅರವತ್ತು ದಾಟಿದವರು, ಮಂಡಿಂಕಾ ಜನ. ಎಲ್ಲರೂ ತೊಂತೊಂ ಅಂತ ಕರೆಯುತ್ತಿದ್ದರು. ಚಿಕ್ಕಪ್ಪ, ಮಾವ ಎಲ್ಲಕ್ಕೂ ಫ್ರೆಂಚಿನಲ್ಲಿ ಅದೇ ಮಾತು. ತೋಳಿಗೆ ಚರ್ಮದ ತಾಯಿತ. ಗ್ರಿಗ್ರಿ ಅಂತಾರೆ, ಒಳಗೆ ಕುರಾನಿನ ವಾಕ್ಯ ಬರೆದ ಕಾಗದ ಮಡಚಿ ಹೊಲಿದಿರುತ್ತಾರೆ. ಅವರಿಗೂ ಬಿಪಿ. ಆಸ್ಪತ್ರೆಗೆ ಕರಕೊಂಡು ಹೋದವನು ನಾನು, ಮಾತ್ರೆಗೆ ದುಡ್ಡು ಕೊಟ್ಟವನೂ ನಾನೇ. ದುಡ್ಡು ಕೊಟ್ಟಮೇಲೆ ಬೈಯುವ ಹಕ್ಕೂ ಬಂತು ಅಂದುಕೊಂಡಿದ್ದೆ.

ಜೂನ್ ಮೊದಲ ವಾರ. ಮಳೆ ಹಿಡಿಯುವುದರೊಳಗೆ ಮಾಲು ಲಾರಿ ಹತ್ತಬೇಕು. ಬೆಳಿಗ್ಗೆ ಸ್ಯಾಂಪಲ್ ಬೀಜ ಕತ್ತರಿಸಿ ನೋಡಿದರೆ ಔಟ್‌ಟರ್ನ್, ಅಂದರೆ ಒಂದು ಚೀಲಕ್ಕೆ ಸಿಗುವ ತಿರುಳಿನ ತೂಕ, 47 ಪೌಂಡಿಗೆ ಇಳಿದಿತ್ತು. ಊರಿನಿಂದ ಯಜಮಾನರು ಫೋನಲ್ಲೇ ಉಗಿದಿದ್ದರು. ಆ ಸಿಟ್ಟಿನಲ್ಲಿ ತಕ್ಕಡಿ ಹತ್ತಿರ ಬಂದರೆ ತೊಂತೊಂ ಒಂದು ಪ್ಲಾಸ್ಟಿಕ್ ಬಾಟಲಿ ಮಡಿಲಲ್ಲಿಟ್ಟುಕೊಂಡು ಕೂತಿದ್ದಾರೆ. ಒಳಗೆ ತೆಳ್ಳಗಿನ ಡಿಕಾಕ್ಷನ್ ಬಣ್ಣದ ನೀರು, ತಳದಲ್ಲಿ ಕಪ್ಪು ಗಸಿ. ಅದು ಸಾಫಾರಾ ಅಂತ ಅಷ್ಟೊತ್ತಿಗೆ ನನಗೆ ಗೊತ್ತಿತ್ತು. ಮರದ ಹಲಗೆ ಮೇಲೆ ಮರಾಬೂ ಮಸಿಯಲ್ಲಿ ಕುರಾನಿನ ವಾಕ್ಯ ಬರೆಯುತ್ತಾರೆ, ಆಮೇಲೆ ಹಲಗೆ ತೊಳೆದು ಆ ನೀರನ್ನೇ ಬಾಟಲಿಗೆ ತುಂಬಿ ಕೊಡುತ್ತಾರೆ. ಕುಡಿಯೋದು, ಮೈಗೆ ಹಚ್ಚಿಕೊಳ್ಳೋದು. ಎಷ್ಟು ಕೊಟ್ಟಿರಿ ಅಂದೆ. ಹದಿನೈದು ಸಾವಿರ ಸೇಫಾ ಅಂದರು. ನಮ್ಮ ಎರಡು ಸಾವಿರ ರೂಪಾಯಿಗೆ ಜಾಸ್ತಿ. ಇವತ್ತು ಮಾತ್ರೆ ನುಂಗಿದಿರಾ ಅಂದೆ. ಮಾತಿಲ್ಲ. ಬಾಟಲಿ ಕಿತ್ತುಕೊಂಡು ಅಲ್ಲೇ ನೆಲಕ್ಕೆ ಸುರಿದೆ.

ಈಗ ಈ ತಪ್ಪನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಸುರಿದದ್ದು ತಪ್ಪು ಅಂತ ಒಂದೇ ಮಾತಲ್ಲಿ ಹೇಳಿದರೆ ನಿಮಗೆ ಅರ್ಥವಾಗುವುದಿಲ್ಲ. ಸುರಿದ ಜಾಗ ಹಮಾಲರು ಚಪ್ಪಲಿ ಹಾಕಿಕೊಂಡು ಓಡಾಡುವ ಜಾಗ. ಪಾಠದ ಹಲಗೆ ತೊಳೆದ ನೀರನ್ನೂ ಕಾಲಿಗೆ ಸಿಗುವಲ್ಲಿ ಚೆಲ್ಲದ ಜನ ಅವರು. ನನಗೆ ಕಂಡದ್ದು ಕೊಳಕು ನೀರು, ಅವರಿಗೆ ಕಂಡದ್ದು ಅಕ್ಷರ. ಜೊತೆಗೆ ಮೂವತ್ತು ಜನ ಹುಡುಗರ ಎದುರು ಹಿರಿಯರ ಕೈಯಿಂದ ಕಿತ್ತುಕೊಂಡೆ. ಇವೆರಡನ್ನಾದರೂ ಕ್ಷಮಿಸುತ್ತಿದ್ದರೋ ಏನೋ. ಆದರೆ ನಾನು ಅದು ಯಾತಕ್ಕೆ ಅಂತ ಕೇಳಲೇ ಇಲ್ಲ. ಎಷ್ಟು ಕೊಟ್ಟಿರಿ ಅಂತ ಕೇಳಿದೆ, ಮಾತ್ರೆ ನುಂಗಿದಿರಾ ಅಂತ ಕೇಳಿದೆ, ಯಾತಕ್ಕೆ ಅಂತ ಕೇಳಲಿಲ್ಲ. ನೀರು ಬಿಪಿಗಲ್ಲ. ಅವರ ಕಿರಿಮಗ ನಾಲ್ಕು ದಿನದ ಹಿಂದೆ ಕಾಫುಂಟೀನ್‌ನಿಂದ ಮೀನು ದೋಣಿ ಹತ್ತಿ ಸ್ಪೇನಿನ ಕೆನರಿ ದ್ವೀಪಗಳ ಕಡೆ ಹೊರಟಿದ್ದ. ನಡುಗಡಲಲ್ಲಿದ್ದ ಮಗನ ಸಲುವಾಗಿ ತಂದಿಟ್ಟುಕೊಂಡ ನೀರು ಅದು.

ಹಮಾಲರು ಜಗಳ ಆಡಲಿಲ್ಲ. ಹೆಗಲ ಮೇಲಿನ ಚೀಲ ಇಳಿಸಿ ಹೋದರು. ಮೂರು ದಿನ ಒಬ್ಬನೂ ಬರಲಿಲ್ಲ. ಎರಡನೇ ರಾತ್ರಿ ಮಳೆ ಬಂತು, ಅಂಗಳದಲ್ಲಿದ್ದ ಒಂದು ಲಾರಿ ಮಾಲು ಟಾರ್ಪಾಲಿನಡಿ ಬೂಷ್ಟು ಹಿಡಿಯಿತು.

ಕೊನೆಗೆ ಗೋದಾಮಿನ ಓನರ್ ನನ್ನ ಕೈಗೆ, ಹಿರಿಯರನ್ನು ಕಾಣಲು ಹೋಗುವಾಗ ಒಯ್ಯುವ ಕೋಲಾ ಕಾಯಿಯ ಪೊಟ್ಟಣ ಕೊಟ್ಟು ಮರಾಬೂ ಮನೆಗೆ ಕರಕೊಂಡು ಹೋದರು. ಜಡೆ ಬಿಟ್ಟ ಮಂತ್ರವಾದಿ ಇರಬಹುದು ಅಂದುಕೊಂಡಿದ್ದೆ. ನೋಡಿದರೆ ಇಸ್ತ್ರಿ ಮಾಡಿದ ನಿಲುವಂಗಿ ಹಾಕಿಕೊಂಡ ಮೇಷ್ಟ್ರು. ಜಗಲಿ ತುಂಬ ಹಲಗೆ ಹಿಡಿದ ಮಕ್ಕಳು. ನಾನು ಕೂತ ಅರ್ಧ ಗಂಟೆಯಲ್ಲಿ ಒಂದು ಗಡಿ ಜಗಳ ತೀರಿಸಿದರು, ಮಗುವಿಗೆ ಹೆಸರಿಡುವ ದಿನ ಹೇಳಿದರು. ನನ್ನ ಸರದಿ ಬಂದಾಗ, ತೊಂತೊಂ ಮಾತ್ರೆ ಬಿಡದ ಹಾಗೆ ನೀವೇ ಹೇಳಿ ಅಂತ ಕೇಳಿಕೊಂಡೆ. 'ಇದನ್ನು ಮೊದಲೇ ಬಂದು ಕೇಳಬಹುದಿತ್ತಲ್ಲ' ಅಂದರು. ಮುಂಜಾನೆ ನಮಾಜ್ ಮುಗಿದ ಕೂಡಲೇ ಮಾತ್ರೆ ಅಂತ ಅವರೇ ಗೊತ್ತುಮಾಡಿದರು. ಆಮೇಲೆ ತೊಂತೊಂ ಒಂದು ದಿನವೂ ತಪ್ಪಿಸಲಿಲ್ಲ. ಹಲಗೆ ಮತ್ತೆ ಬರೆದು ಕೊಟ್ಟರು, ದುಡ್ಡು ಮುಟ್ಟಲಿಲ್ಲ. ಆ ಮಕ್ಕಳಿಗೆ ಒಂದು ಮೂಟೆ ಸಕ್ಕರೆ ಸರಹ್ ಕೊಡು ಅಂದರು. ಸರಹ್ ಅಂದ್ರೆ ದಾನ.

ಹಾಗಂತ ಆ ಮರಾಬೂ ಸಂತರು ಅಂತ ಹೇಳುತ್ತಿಲ್ಲ. ದೋಣಿ ಹತ್ತುವ ಹುಡುಗರಿಗೆ ಗ್ರಿಗ್ರಿ ಕಟ್ಟಿ ಕಾಸು ತೆಗೆದುಕೊಂಡವರೂ ಅವರೇ. ಅದು ನನಗೆ ಇವತ್ತಿಗೂ ಸಿಟ್ಟು. ತೊಂತೊಂ ಮಗ ಹನ್ನೊಂದನೇ ದಿನ ಕೆನರಿ ದ್ವೀಪಗಳಲ್ಲೊಂದಾದ ಟೆನೆರಿಫ್‌ನಿಂದ ಫೋನ್ ಮಾಡಿದ, ಸರಿ. ಎಲ್ಲ ದೋಣಿಯೂ ಮುಟ್ಟುವುದಿಲ್ಲ. ಇನ್ನು ಡಕಾರ್‌ನ ಸಿಗ್ನಲ್‌ಗಳಲ್ಲಿ ಡಬ್ಬಿ ಹಿಡಿದು ಬೇಡುವ ತಾಲಿಬೆ ಮಕ್ಕಳನ್ನು, ಅಂದರೆ ಮರಾಬೂ ಹತ್ತಿರ ಕುರಾನ್ ಕಲಿಯುವ ಮಕ್ಕಳನ್ನು, ನೀವು ನೋಡಿಯೇ ಇರುತ್ತೀರಿ. ಮಕ್ಕಳಿಂದ ಬೇಡಿಸಿ ದುಡ್ಡು ಮಾಡುವುದು ಅಪರಾಧ ಅಂತ 2005ರಲ್ಲೇ ಕಾನೂನು ಬಂದಿದೆ, ಬೇಡುವುದು ನಿಂತಿಲ್ಲ.

ಆದರೆ 'ಇದೆಲ್ಲ ಮೋಸ ಅಲ್ವಾ' ಅಂತ ನೀವು ಬರೆದಿದ್ದೀರಲ್ಲ, ಅದನ್ನು ಒಪ್ಪುವುದಿಲ್ಲ. ಚಿಕ್ಕಂದಿನಲ್ಲಿ ಜ್ವರ ಬಿಡದಿದ್ದಾಗ ನಮ್ಮಜ್ಜಿ ಉಳ್ಳಾಲ ದರ್ಗಾದಿಂದ ನೂಲು ತಂದು ನನ್ನ ಕೈಗೆ ಕಟ್ಟಿದ್ದರು, ಡಾಕ್ಟರ ಹತ್ತಿರವೂ ಕರಕೊಂಡು ಹೋಗಿದ್ದರು. ಅಜ್ಜಿಯನ್ನು ಯಾರೂ ಒಂದು ಆರಿಸಿಕೋ ಅನ್ನಲಿಲ್ಲ. ನೀವಿರುವ ಡಕಾರ್‌ನ ಫಾನ್ ಆಸ್ಪತ್ರೆಯಲ್ಲಿ ಆನ್ರಿ ಕೊಲೊಂಬ್ ಅನ್ನುವ ಫ್ರೆಂಚ್ ಮನೋವೈದ್ಯರು 1960ರ ದಶಕದಲ್ಲೇ ಅಲ್ಲಿನ ಸಾಂಪ್ರದಾಯಿಕ ವೈದ್ಯರನ್ನು ಜೊತೆಗಿಟ್ಟುಕೊಂಡು ಕೆಲಸ ಮಾಡಿದ್ದರು.

ನಿಮ್ಮ ಡ್ರೈವರ್ ಗಾಡಿಯಲ್ಲಿ ಬಿಳಿ ಬಟ್ಟೆಯಿಂದ ಬಾಯಿ ಮುಚ್ಚಿಕೊಂಡವರ ಚಿತ್ರ ಇದೆಯಾ ನೋಡಿ. ಅದು ಶೇಖ್ ಅಮಾದು ಬಂಬಾ. ಫ್ರೆಂಚರು 1895ರಲ್ಲಿ ಗ್ಯಾಬೊನ್‌ಗೆ ಗಡೀಪಾರು ಮಾಡಿದ್ದು ಅವರನ್ನೇ. ಆ ಚಿತ್ರಗಳಿಗೆಲ್ಲ ಮೂಲ 1913ರ ಒಂದೇ ಒಂದು ಫೋಟೋ. ಚಿತ್ರ ಇದ್ದರೆ ನಿಮ್ಮವನು ಬಹುಮಟ್ಟಿಗೆ ಬಂಬಾ ಕಟ್ಟಿದ ಮುರೀದ್ ಅನ್ನುವ ಸೂಫಿ ಪಂಥದವನು. ಆ ಪಂಥದವರ ಪವಿತ್ರ ಊರು ಟೂಬಾದ ಮಾಗಲ್ ಜಾತ್ರೆಗೆ ರಜೆ ಕೇಳಿದರೆ ಇಲ್ಲ ಅನ್ನಬೇಡಿ. ಅದಕ್ಕೆ ಮುಂಚೆ, ನೀರು ಯಾತಕ್ಕೆ ಅಂತ ಅವನನ್ನೇ ಕೇಳಿ. ಆಮೇಲೆ ಅವನ ಜೊತೆಗೇ ಮರಾಬೂ ಮನೆಗೆ ಹೋಗಿ. ಕೋಲಾ ಕಾಯಿ ಬಿಳಿಯದೇ ತಗೊಳ್ಳಿ. ಮಾರ್ಕೆಟ್ಟಿನಲ್ಲಿ ಹೆಂಗಸರು ಒದ್ದೆ ಗೋಣಿಯಲ್ಲಿ ಸುತ್ತಿಟ್ಟಿರುತ್ತಾರೆ, ಬಾಡಿದ್ದನ್ನು ಕೊಟ್ಟಾರು, ಒತ್ತಿ ನೋಡಿ.