ಆರು ದಿನಗಳಲ್ಲಿ ಐದು ಗೆಲುವು: ಸುವಾನಿ ಕಾಲೇಜು ತಂಡದ 1899ರ ಋತು

ಪ್ರಶ್ನೆ: ನನ್ನ ಮಗಳು ಅಮೆರಿಕದ ಟೆನೆಸಿ ರಾಜ್ಯದಲ್ಲಿ ಓದುತ್ತಿದ್ದಾಳೆ. ಅಲ್ಲಿನ ಸುವಾನಿ ಎಂಬ ಊರಿನ ಪುಟ್ಟ ಕಾಲೇಜಿನ ಫುಟ್‌ಬಾಲ್ ತಂಡ ನೂರಿಪ್ಪತ್ತು ವರ್ಷಗಳಿಗೂ ಹಿಂದೆ ಆರೇ ದಿನಗಳಲ್ಲಿ ಐದು ತಂಡಗಳನ್ನು ಸೋಲಿಸಿತ್ತೆಂದು ಹೇಳುತ್ತಾಳೆ. ಇದು ನಿಜವೇ? ನಿಜವಾದರೆ ಅದು ಹೇಗೆ ಸಾಧ್ಯವಾಯಿತು?
(ಓದುಗರೊಬ್ಬರು, ಶಿವಮೊಗ್ಗ)

ಉತ್ತರ: ನಿಮ್ಮ ಮಗಳು ಹೇಳಿದ್ದು ಅಕ್ಷರಶಃ ನಿಜ. ಸುವಾನಿಯಲ್ಲಿರುವ ಯೂನಿವರ್ಸಿಟಿ ಆಫ್ ದಿ ಸೌತ್ ಎಂಬ ಸಂಸ್ಥೆಯ ತಂಡ 1899ರ ನವೆಂಬರ್ 9ರಂದು ಆಸ್ಟಿನ್‌ನಲ್ಲಿ ಟೆಕ್ಸಸ್ ತಂಡವನ್ನು 12–0 ಅಂತರದಿಂದ, ಮರುದಿನ ಹ್ಯೂಸ್ಟನ್‌ನಲ್ಲಿ ಟೆಕ್ಸಸ್ ಎ ಅಂಡ್ ಎಂ ತಂಡವನ್ನು 10–0 ಅಂತರದಿಂದ, ಅದರ ಮರುದಿನ ನ್ಯೂ ಆರ್ಲಿಯನ್ಸ್‌ನಲ್ಲಿ ಟುಲೇನ್ ತಂಡವನ್ನು 23–0 ಅಂತರದಿಂದ ಸೋಲಿಸಿತು. 12ನೇ ತಾರೀಖು ಭಾನುವಾರವಾದ್ದರಿಂದ ಪಂದ್ಯವಿರಲಿಲ್ಲ. ಆ ಆರು ದಿನಗಳಲ್ಲಿ ಅವರಿಗೆ ದೊರೆತ ಬಿಡುವು ಅದೊಂದೇ. ಸೋಮವಾರ ಬ್ಯಾಟನ್ ರೂಜ್‌ನಲ್ಲಿ ಲೂಯಿಸಿಯಾನ ಸ್ಟೇಟ್ ತಂಡ 34–0, ಮಂಗಳವಾರ ಮೆಂಫಿಸ್‌ನಲ್ಲಿ ಮಿಸಿಸಿಪಿ ತಂಡ 12–0 ಅಂತರದಿಂದ ಸೋತವು. ಐದು ಪಂದ್ಯಗಳಲ್ಲಿ ಸುವಾನಿ ಗಳಿಸಿದ್ದು 91 ಅಂಕ, ಬಿಟ್ಟುಕೊಟ್ಟದ್ದು ಸೊನ್ನೆ.

ಇದು ನಮ್ಮ ಊರುಗಳಲ್ಲಿ ಫುಟ್‌ಬಾಲ್ ಎಂದು ಕರೆಯುವ, ಕಾಲಿನಿಂದಲೇ ಆಡುವ ಆಟವಲ್ಲ. ಮೊಟ್ಟೆಯಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು ಎದುರಾಳಿಗಳ ಸಾಲನ್ನು ಭೇದಿಸಿಕೊಂಡು ಓಡುವ ಅಮೆರಿಕನ್ ಫುಟ್‌ಬಾಲ್. ಅಂದಿನ ಆಟ ಇಂದಿನದಕ್ಕಿಂತ ಬಹಳ ಒರಟಾಗಿತ್ತು. ಚೆಂಡನ್ನು ಮುಂದಕ್ಕೆ ಎಸೆಯಲು 1906ರವರೆಗೆ ಅನುಮತಿಯೇ ಇರಲಿಲ್ಲವಾದ್ದರಿಂದ, ಮೂರು ಪ್ರಯತ್ನಗಳಲ್ಲಿ ಐದು ಗಜ ಮುಂದೆ ಸಾಗಲು ಆಟಗಾರರು ಒತ್ತೊತ್ತಾಗಿ ಗುಂಪುಗೂಡಿ ನುಗ್ಗಬೇಕಾಗಿತ್ತು. ಚೆಂಡನ್ನು ಎದುರಾಳಿಯ ಕೊನೆಯ ಗೆರೆಯಾಚೆಗೆ ಒಯ್ಯುವ ಟಚ್‌ಡೌನ್‌ಗೆ ಆಗ ಐದೇ ಅಂಕ. ಒಮ್ಮೆ ಹೊರಹೋದ ಆಟಗಾರ ಅದೇ ಪಂದ್ಯಕ್ಕೆ ಮರಳುವಂತಿರಲಿಲ್ಲ; ಹೀಗಾಗಿ ಅದೇ ಹನ್ನೊಂದು ಮಂದಿ ದಾಳಿಯನ್ನೂ ರಕ್ಷಣೆಯನ್ನೂ ನಿರ್ವಹಿಸುತ್ತಿದ್ದರು. ನಿಯಮದ ಪ್ರಕಾರ ಮೂವತ್ತೈದು ನಿಮಿಷಗಳ ಎರಡು ಅವಧಿಗಳಿದ್ದರೂ, ಉಭಯ ತಂಡಗಳು ಒಪ್ಪಿ ಅವಧಿಯನ್ನು ಕಡಿಮೆ ಮಾಡಿಕೊಳ್ಳುವ ಪದ್ಧತಿಯೂ ಆಗ ಇತ್ತು ಎಂಬುದನ್ನು ಈ ಸಾಧನೆಯನ್ನು ಅಳೆಯುವಾಗ ಮರೆಯಬಾರದು. ಹಾಗೆಂದು ಅದರ ಬೆಲೆ ಕುಗ್ಗುವುದಿಲ್ಲ. ಜಜ್ಜಿದ ಮೈಯಲ್ಲೇ ರೈಲು ಹತ್ತಿ, ಇರುಳು ಪಯಣಿಸಿ, ಮಾರನೆಯ ದಿನ ಹೊಸ ಊರಿನಲ್ಲಿ ದಣಿಯದ ಹೊಸ ತಂಡವನ್ನು ಎದುರಿಸುವುದೆಂದರೆ ಏನೆಂದು ಯಾವ ಆಟವನ್ನಾದರೂ ಆಡಿದವರು ಬಲ್ಲರು.

ಇಂತಹ ಪ್ರವಾಸವನ್ನು ಯಾರಾದರೂ ಏಕೆ ಹಮ್ಮಿಕೊಂಡರು ಎಂಬ ಪ್ರಶ್ನೆಯೇ ನನಗೆ ಹೆಚ್ಚು ಮುಖ್ಯವೆನಿಸುತ್ತದೆ. ಅದಕ್ಕೆ ಕಾರಣ ಹಣ. ನೆರೆಯ ವ್ಯಾಂಡರ್‌ಬಿಲ್ಟ್ ವಿಶ್ವವಿದ್ಯಾಲಯದೊಡನೆ ನಡೆಯುತ್ತಿದ್ದ ಪಂದ್ಯ ಸುವಾನಿಗೆ ಒಳ್ಳೆಯ ಆದಾಯ ತರುತ್ತಿತ್ತು. ಟಿಕೆಟ್ ಹಣದ ಹಂಚಿಕೆಯ ಬಗ್ಗೆ ತಕರಾರು ಹುಟ್ಟಿ ಆ ವರ್ಷ ಅದು ನಡೆಯಲಿಲ್ಲ. ಆ ನಷ್ಟವನ್ನು ತುಂಬಿಕೊಳ್ಳಲು ತಂಡದ ವ್ಯವಸ್ಥಾಪಕನಾಗಿದ್ದ ವಿದ್ಯಾರ್ಥಿ ಲ್ಯೂಕ್ ಲೀ ದೂರದ ಊರುಗಳ ಪಂದ್ಯಗಳನ್ನು ಒಂದಕ್ಕೊಂದು ಹೆಣೆದು, ಸುಮಾರು 2,500 ಮೈಲಿಗಳ ರೈಲು ಪ್ರಯಾಣವನ್ನು ರೂಪಿಸಿದ. ಮುಂದೆ ಟೆನೆಸಿಯಿಂದ ಅಮೆರಿಕದ ಸೆನೆಟ್‌ಗೆ ಆಯ್ಕೆಯಾದ ಲೀ ಅವನೇ. ಇಪ್ಪತ್ತು ಚಿಲ್ಲರೆ ಆಟಗಾರರು, ತರಬೇತುದಾರ ಬಿಲ್ಲಿ ಸೂಟರ್, ನಾಯಕ ಹೆನ್ರಿ ಸೈಬಲ್ಸ್ ಹೀಗೆ ಹೊರಟರು. ಪರಸ್ಥಳದ ನೀರಿನಿಂದ ಕಾಯಿಲೆ ಬೀಳಬಾರದೆಂದು ಸುವಾನಿಯ ಬೆಟ್ಟದ ಬುಗ್ಗೆಯ ನೀರನ್ನು ಪೀಪಾಯಿಗಳಲ್ಲಿ ತುಂಬಿಕೊಂಡು ಹೋದರೆಂಬ ಮಾತು ಇಂದಿಗೂ ಅಲ್ಲಿ ಪ್ರಚಲಿತವಾಗಿದೆ. ಹೊಸ ಊರಿಗೆ ಹೊರಟ ಮಕ್ಕಳ ಬಗ್ಗೆ ನಮ್ಮ ಹಿರಿಯರೂ ಮೊದಲು ನೀರಿನ ಚಿಂತೆಯನ್ನೇ ಮಾಡುತ್ತಾರೆಂಬುದು ಇದನ್ನು ಓದಿದಾಗ ನನಗೆ ನೆನಪಾಗುತ್ತದೆ.

ಪ್ರಶ್ನೆ: ಆ ಋತುವಿನಲ್ಲಿ ಅವರು ಆಡಿದ್ದು ಅಷ್ಟೇ ಪಂದ್ಯಗಳೇ? ಆ ತಂಡ ಈಗಲೂ ಇದೆಯೇ?
(ಓದುಗರೊಬ್ಬರು, ಧಾರವಾಡ)

ಉತ್ತರ: ಒಟ್ಟು ಹನ್ನೆರಡು ಪಂದ್ಯಗಳನ್ನು ಆಡಿ ಹನ್ನೆರಡನ್ನೂ ಗೆದ್ದರು. ಗಳಿಸಿದ್ದು 322 ಅಂಕ, ಕೊಟ್ಟದ್ದು 10. ಆ ಹತ್ತು ಅಂಕಗಳೂ ಒಂದೇ ತಂಡಕ್ಕೆ ಸಂದವು ಎಂಬುದನ್ನು ಗಮನಿಸಬೇಕು. ನವೆಂಬರ್ 30ರಂದು ಮಾಂಟ್‌ಗೊಮೆರಿಯಲ್ಲಿ ಎದುರಾದ ಆಬರ್ನ್ ತಂಡವನ್ನು ತರಬೇತುಗೊಳಿಸಿದ್ದವರು ಜಾನ್ ಹೈಸ್‌ಮನ್. ಇಂದು ಅಲ್ಲಿನ ಕಾಲೇಜು ಫುಟ್‌ಬಾಲ್‌ನ ಅತ್ಯುನ್ನತ ವೈಯಕ್ತಿಕ ಪ್ರಶಸ್ತಿ ಅವರ ಹೆಸರಿನಲ್ಲಿದೆ. ಆ ಪಂದ್ಯವನ್ನು ಸುವಾನಿ ಗೆದ್ದದ್ದು 11–10ರಿಂದ, ಒಂದೇ ಅಂಕದಿಂದ. ನನ್ನ ಮಟ್ಟಿಗೆ ಇಡೀ ಋತುವಿನ ಅತಿ ಕಠಿಣ ಪರೀಕ್ಷೆ ಅದೇ. ಎಲ್ಲರ ಗಮನ ಆರು ದಿನಗಳ ಪ್ರವಾಸದ ಮೇಲೆಯೇ ನೆಟ್ಟಿರುವುದರಿಂದ ಆ ಗೆಲುವಿಗೆ ಸಲ್ಲಬೇಕಾದ ಮನ್ನಣೆ ಸಂದಿಲ್ಲ. ಎರಡು ದಿನಗಳ ನಂತರ ಅಟ್ಲಾಂಟದಲ್ಲಿ ನಾರ್ತ್ ಕ್ಯಾರೊಲಿನ ತಂಡವನ್ನು 5–0ಯಿಂದ ಸೋಲಿಸಿ ಋತುವನ್ನು ಮುಗಿಸಿದರು.

ತಂಡ ಈಗಲೂ ಇದೆ. 1932ರಲ್ಲಿ ಸೌತ್ ಈಸ್ಟರ್ನ್ ಕಾನ್ಫರೆನ್ಸ್ ಎಂಬ ಒಕ್ಕೂಟ ಹುಟ್ಟಿದಾಗ ಸ್ಥಾಪಕ ಸದಸ್ಯರಲ್ಲಿ ಸುವಾನಿಯೂ ಒಂದಾಗಿತ್ತು. ಆದರೆ ಸಾವಿರಾರು ವಿದ್ಯಾರ್ಥಿಗಳಿದ್ದ ದೊಡ್ಡ ವಿಶ್ವವಿದ್ಯಾಲಯಗಳ ಎದುರು ಅಲ್ಲಿ ಆಡಿದ 37 ಒಕ್ಕೂಟ ಪಂದ್ಯಗಳಲ್ಲಿ ಒಂದನ್ನೂ ಗೆಲ್ಲಲಾಗದೆ, 1940ರಲ್ಲಿ ಹೊರಬಂದಿತು. ಇಂದು ಅದು ಕ್ರೀಡಾ ವಿದ್ಯಾರ್ಥಿವೇತನಗಳಿಲ್ಲದ ಮೂರನೇ ಡಿವಿಷನ್‌ನಲ್ಲಿ, ತನ್ನಂತಹ ಪುಟ್ಟ ಕಾಲೇಜುಗಳೊಡನೆ ಆಡುತ್ತಿದೆ.