ಬೆಂಚ್‌ನಲ್ಲಿ ಕೂತ ಗೋಲ್‌ಕೀಪರ್ ಕೋಚ್ ಆಗಬಹುದಾ?

ವರ್ಷಗಟ್ಟಲೆ ಬೆಂಚಲ್ಲೇ ಕೂತ, ಐರ್ಲೆಂಡಿನ ಆಟವಾದ ಗೇಲಿಕ್ ಫುಟ್‌ಬಾಲ್ ಗೋಲ್‌ಕೀಪರ್ ಬೇರೆಯವರಿಗೆ ಏನು ಕಲಿಸಬಲ್ಲ ಅಂತ ಕೇಳಿದ್ದೀರಿ. ನನ್ನ ಪ್ರಕಾರ ತುಂಬಾನೇ ಕಲಿಸಬಲ್ಲ.

16ನೇ ನಂಬರ್ ಜೆರ್ಸಿಯವನಿಗೆ, ಅಂದ್ರೆ ಬದಲಿ ಗೋಲ್‌ಕೀಪರ್‌ಗೆ, ಆಡೋ ಅವಕಾಶ ಅಪರೂಪ. ಆದರೂ ಮೊದಲ ಗೋಲ್‌ಕೀಪರ್‌ನಷ್ಟೇ ಅಭ್ಯಾಸ ಮಾಡಬೇಕು, ಅದೂ ಸಂಬಳ ಇಲ್ಲದೆ. 2008ರ ಆಲ್ ಐರ್ಲೆಂಡ್ ಫೈನಲ್ (ಕೌಂಟಿ ತಂಡಗಳ ಚಾಂಪಿಯನ್‌ಶಿಪ್‌ನ ಕೊನೆ ಪಂದ್ಯ) ನೋಡಿ. ಪಂದ್ಯಕ್ಕೆ ಸ್ವಲ್ಪ ಮುಂಚೆ ಟೈರೋನ್ ಗೋಲ್‌ಕೀಪರ್ ಜಾನ್ ಡಿವೈನ್ ಅವರ ತಂದೆ ತೀರಿಕೊಂಡರು. ಡಿವೈನ್ ಜಾಗದಲ್ಲಿ ಬದಲಿ ಗೋಲ್‌ಕೀಪರ್ ಪ್ಯಾಸ್ಕಲ್ ಮೆಕಾನೆಲ್ ನಿಂತರು. ಟೈರೋನ್ ಎದುರಾಳಿ ಕೆರಿ ತಂಡವನ್ನು ಸೋಲಿಸಿತು. ಅಂಥ ತಯಾರಿ ಸುಮ್ನೆ ಬರಲ್ಲ.

ಬೆಂಚಿಂದ ಕಿಕ್‌ಔಟ್‌ಗಳನ್ನೂ (ಗೋಲ್‌ಕೀಪರ್ ಚೆಂಡು ಒದ್ದು ಆಟ ಮತ್ತೆ ಶುರು ಮಾಡೋದು) ಚೆನ್ನಾಗಿ ಗಮನಿಸಬಹುದು: ಯಾರು ಜಾಗ ಬಿಡಿಸಿಕೊಂಡು ಓಡ್ತಾರೆ, ಎದುರಾಳಿ ಎಲ್ಲಿ ಒತ್ತಡ ಹಾಕ್ತಾನೆ. 2025ರಿಂದ ಕಿಕ್‌ಔಟ್ ಗೋಲಿನ ಮುಂದೆ ಎಳೆದಿರೋ 40 ಮೀಟರ್ ಕಮಾನು ಗೆರೆ ದಾಟಲೇಬೇಕು. ಈಗ ಆ ಕಣ್ಣಿರುವ ಕೋಚ್ ಇನ್ನೂ ಜಾಸ್ತಿ ಬೇಕು.